ಹೊಳೆಯಾಚೆಯ ಕಲ್ಪತರು

ನಮ್ಮ ಪಂಡಿತರು ಇಂಗ್ಲೆಂಡಿನ ಚಕ್ರವರ್ತಿಯನ್ನು ಹೊಗಳಿ ಬರೆದ ಹನ್ನೆರಡು ಷಟ್ಪದಿಗಳು ನನಗೆ ಇವತ್ತಿಗೂ ಬಾಯಿಗೆ ಬರುತ್ತವೆ. ಒಂದು ಅಕ್ಷರ ತಪ್ಪದೆ, ಎಲ್ಲೂ ತಡವರಿಸದೆ ಬರುತ್ತವೆ. ದಾವಣಗೆರೆ ಅಂತ ಒಂದು ಊರಿದೆ ಎಂದು ಆ ಮಹಾರಾಯ ಕೇಳಿದ್ದನೋ ಇಲ್ಲವೋ ಗೊತ್ತಿಲ್ಲ. ಹರಿಹರದ ಹೊಳೆಯ ನೀರನ್ನಂತೂ ಕುಡಿದವನಲ್ಲ. ಆದರೂ ಅವನ ದಯೆಯಿಂದಲೇ ನಮ್ಮ ಹೊಲಕ್ಕೆ ಮಳೆ ಬಂತು, ಊರಿಗೆ ರೈಲು ಬಂತು, ಮಂದಿಗೆ ಬುದ್ಧಿ ಬಂತು ಎಂದು ಪಂಡಿತರು ಬರೆದಿದ್ದರು. ರೈಲು ಬಂದದ್ದು ನಿಜ. ಆ ರೈಲಿನಲ್ಲಿ ನಮ್ಮ ಹತ್ತಿ ಎಲ್ಲಿಗೆ ಹೋಯಿತು ಅನ್ನುವುದಕ್ಕೆ ಮಾತ್ರ ಹನ್ನೆರಡು ಪದ್ಯಗಳಲ್ಲಿ ಅವರಿಗೆ ಜಾಗ ಸಿಕ್ಕಿರಲಿಲ್ಲ.

ಪಂಡಿತರು ದಾವಣಗೆರೆಯ ಹೈಸ್ಕೂಲಿನಲ್ಲಿ ನನಗೆ ಕನ್ನಡ ಕಲಿಸಿದವರು. ಆಗ ಊರಿಗೆ ದೊಡ್ಡವರು ಯಾರೇ ಬರಲಿ, ಬಿನ್ನವತ್ತಳೆ ಓದಿ ಒಪ್ಪಿಸದೆ ಕಳಿಸುವ ಹಾಗಿರಲಿಲ್ಲ. ನಾಲ್ಕಾರು ಹೊಗಳಿಕೆಯ ಪದ್ಯ, ಸುತ್ತ ಹೂಬಳ್ಳಿಯ ಚಿತ್ರ, ಅದಕ್ಕೊಂದು ಗಾಜಿನ ಕಟ್ಟು. ಬಂದವರು ಅದನ್ನು ಒಯ್ದು ಯಾವ ಅಟ್ಟದ ಮೇಲೆ ಎಸೆಯುತ್ತಿದ್ದರೋ ದೇವರೇ ಬಲ್ಲ. ಆ ಪದ್ಯಗಳ ಗುತ್ತಿಗೆ ನಮ್ಮ ಪಂಡಿತರದ್ದು. ಯುದ್ಧದ ಕಾಲದಲ್ಲಿ, ವೀರಮಾತೆಯರೇ, ನಿಮ್ಮ ಮಕ್ಕಳನ್ನು ಸಾಮ್ರಾಜ್ಯದ ರಕ್ಷಣೆಗೆ ಕಳಿಸಿರಿ ಎಂದು ಕಣ್ಣಲ್ಲಿ ನೀರು ಬರುವ ಹಾಗೆ ಬರೆದರಂತೆ. ತಮ್ಮ ಮಗನನ್ನು ಮಾತ್ರ ಮೈಸೂರಿಗೆ ಬಿ.ಎ. ಓದಲು ಕಳಿಸಿದರು. ಸ್ವಾತಂತ್ರ್ಯ ಬಂದ ದಿನ ಬೆಳಿಗ್ಗೆ ಧ್ವಜದ ಕೆಳಗೆ ನಿಂತು ದಾಸ್ಯದ ಸಂಕೋಲೆ ಹರಿಯಿತು ಎಂದು ಎದೆ ತಟ್ಟಿಕೊಂಡು ಹಾಡಿದವರೂ ಅವರೇ. ಹಿಂದಿನ ದಿನದವರೆಗೂ ತಲೆ ಮೇಲಿದ್ದ ಜರಿಪೇಟ ಅವತ್ತು ಬಿಳಿ ಟೋಪಿ ಆಗಿತ್ತು. ಗಾಳಿ ಬಂದ ಕಡೆ ತೂರಿಕೊಳ್ಳುವವರನ್ನು ಬೇಕಾದಷ್ಟು ನೋಡಿದ್ದೇನೆ, ಆದರೆ ತೂರಿಕೊಳ್ಳುವುದಕ್ಕೂ ಛಂದಸ್ಸು ಹಾಕುವವರು ಇವರೊಬ್ಬರೇ.

ರಾಜ್ಯ ಒಂದಾದ ಮರುವರ್ಷ. ಸ್ವಾತಂತ್ರ್ಯ ಬಂದು ಹತ್ತು ವರ್ಷವಾಯಿತೆಂದು ಹರಿಹರದಲ್ಲಿ ದೊಡ್ಡ ಸಭೆ ಇಟ್ಟುಕೊಂಡಿದ್ದರು. ಹೊಳೆಯ ಆಚೆಯ ಕಡೆಯವರೊಬ್ಬರು ಹೊಸದಾಗಿ ಮಂತ್ರಿಯಾಗಿದ್ದರು, ಅವರೇ ಅತಿಥಿ. ಸ್ವಾಗತ ಸಮಿತಿಯ ಅಧ್ಯಕ್ಷರು ದಾವಣಗೆರೆಯ ಹತ್ತಿ ಮಂಡಿಯ ಸಾಹುಕಾರರು. ನಮ್ಮಪ್ಪ ಅವರ ಮಂಡಿಯಲ್ಲಿ ಗುಮಾಸ್ತ. ನಾನು ಹೆಣ್ಣುಮಕ್ಕಳ ಶಾಲೆಗೆ ಹೊಸದಾಗಿ ಸೇರಿದ ಟೀಚರು, ಕೆಲಸ ಇನ್ನೂ ಕಾಯಂ ಆಗಿರಲಿಲ್ಲ. ಆ ಶಾಲೆಯ ಕಮಿಟಿಯಲ್ಲೂ ಅದೇ ಸಾಹುಕಾರರು ಇದ್ದರು. ಇಷ್ಟು ಹೇಳಿದರೆ ನನ್ನ ಕುತ್ತಿಗೆ ಎಷ್ಟು ಬಗ್ಗುತ್ತಿತ್ತು ಎಂದು ತಿಳಿಯುತ್ತದೆ.

ನನ್ನ ಕೈಬರಹ ದುಂಡಗಿತ್ತು, ದನಿಯೂ ಚೆನ್ನಾಗಿತ್ತು. ಪಂಡಿತರು ಮನೆಗೆ ಕರೆಸಿದರು. ಪಡಸಾಲೆಯ ಗೋಡೆಯ ಮೇಲಿದ್ದ ದೊಡ್ಡ ಕಟ್ಟೊಂದನ್ನು ಇಳಿಸಿ, ಧೂಳು ಒರೆಸಿ, ನನ್ನ ಮುಂದಿಟ್ಟರು. ಒಳಗೆ ಸ್ಯಾಟಿನ್ ಬಟ್ಟೆಯ ಮೇಲೆ ಬಂಗಾರದ ಬಣ್ಣದಲ್ಲಿ ಅಚ್ಚಾದ ಹನ್ನೆರಡು ಷಟ್ಪದಿಗಳು. ಅದೇ ಚಕ್ರವರ್ತಿಯ ಬಿನ್ನವತ್ತಳೆ, ಪಂಡಿತರು ತಮಗೆಂದು ಉಳಿಸಿಕೊಂಡ ಪ್ರತಿ. ಗಾಜಿನ ಮೇಲೆ ಅಲ್ಲಲ್ಲಿ ಕೆಂಪು ಮೇಣದ ಪೆನ್ಸಿಲ್ಲಿನಿಂದ ಗುರುತು ಹಾಕಿದರು.

"ಗುರುತು ಹಾಕಿದ ಕಡೆ ಹೊಸ ಮಾತು ಬರೀ ತಾಯಿ. ಉಳಿದದ್ದು ಇದ್ದ ಹಾಗೇ ಇರಲಿ" ಎಂದರು.

"ಕಡಲಾಚೆಯಿಂ ಬಂದ ಕರುಣಾಳು ಕಲ್ಪತರು" ಎಂಬುದು ಮೊದಲ ಸಾಲು. 'ಕಡಲಾಚೆ'ಯ ಮೇಲೆ ಕೆಂಪು ಗೀಟಿತ್ತು. ಅಲ್ಲಿ 'ಹೊಳೆಯಾಚೆ' ಬರೆಯಬೇಕಂತೆ. ಐದು ಮಾತ್ರೆಗೆ ಐದು ಮಾತ್ರೆ, ಸರಿಹೋಯಿತು. 'ಚಕ್ರವರ್ತಿ' ಇದ್ದ ಕಡೆ 'ಮಂತ್ರಿವರ್ಯ'. ಅದಕ್ಕೂ ಆರು, ಇದಕ್ಕೂ ಆರು. ಮಳೆ ಬರಿಸಿದ ದಯೆ, ರೈಲು ತಂದ ಬೆಳಕು, ಪ್ರಜೆಗಳ ಮೇಲಿನ ತಾಯಿಯಂಥ ಪ್ರೀತಿ, ಎಲ್ಲ ಹಾಗೇ ಉಳಿಯಿತು. ಕಡಲು ಹೋಗಿ ಹೊಳೆ ಬಂದದ್ದರಿಂದ ಆದಿಪ್ರಾಸ ಕೆಟ್ಟಿತ್ತು. ಪ್ರಾಸ ತಪ್ಪಿದ್ದಕ್ಕೆ ಇದೇ ಪಂಡಿತರು ಒಮ್ಮೆ ನನ್ನನ್ನು ಬೆಂಚಿನ ಮೇಲೆ ನಿಲ್ಲಿಸಿದ್ದರು.

"ಗುರುಗಳೇ, ಪ್ರಾಸ..." ಎಂದೆ.

"ಮಂತ್ರಿಗಳು ಪ್ರಾಸ ಎಣಿಸೋಕೆ ಬರೋದಿಲ್ಲಮ್ಮ" ಎಂದು ನಕ್ಕರು. ನಾನೂ ನಕ್ಕೆ. ಆ ನಗು ನೆನೆದರೆ ಈಗ ಮೈ ಉರಿಯುತ್ತದೆ.

ಇನ್ನು ನನ್ನ ಸೋದರಮಾವನ ವಿಷಯ ಹೇಳಬೇಕು. ಅವ್ವನ ತವರು ಹೊಳೆಯಾಚೆ. ಬ್ರಿಟಿಷರ ಕಾಲದಲ್ಲಿ ಹರಿಹರದ ಹೊಳೆಯೇ ಗಡಿ. ಈಚೆ ದಡ ಮಹಾರಾಜರದ್ದು, ಆಚೆ ದಡ ಬೊಂಬಾಯಿ ಸರ್ಕಾರದ್ದು, ಅಂದರೆ ನೇರ ಬಿಳಿಯರದ್ದು. ಮಾವ ಆಚೆ ಕಡೆಯ ಸಂತೆಗಳಲ್ಲಿ ದಪ್ಪು ಬಾರಿಸಿಕೊಂಡು ಗೀಗೀ ಪದ ಹಾಡುತ್ತಿದ್ದ. ಮುಂದೆ ಇವನು ಪದ ಎತ್ತಿದರೆ ಹಿಂದೆ ಇಬ್ಬರು 'ಗೀ ಗೀ' ಎಂದು ದನಿ ಎಳೆಯುತ್ತಿದ್ದರು. ಓದು ಬರಹ ಇಲ್ಲದವನು, ಪದ ಕಟ್ಟಿದರೆ ಸಂತೆಗೆ ಸಂತೆಯೇ ನಿಂತು ಕೇಳುತ್ತಿತ್ತಂತೆ. ಒಂದು ಸಂತೆಯಲ್ಲಿ ಬಿಳಿಯರನ್ನು ಬೈಯುವ ಪದ ಹಾಡಿದ್ದಕ್ಕೆ ಪೊಲೀಸರು ಅವನನ್ನು ಹಿಡಿದು ಬಡಿದು, ದಪ್ಪನ್ನು ಎಲ್ಲರ ಕಣ್ಣೆದುರೇ ಸುಟ್ಟರು. ಮುಂದಿನ ಸಲ ಜೈಲು ಎಂದು ಗೊತ್ತಾದಾಗ ಸೇತುವೆ ದಾಟಿ ಈಚೆ ಬಂದ. ಹರಿಹರದ ಪಕ್ಕದ ಗುತ್ತೂರಿನಲ್ಲಿ ಹೆಂಡತಿಯ ಕಡೆಯವರ ಹೊಲ ಮಾಡಿಕೊಂಡು ಉಳಿದುಬಿಟ್ಟ. ಹೊಸ ದಪ್ಪು ಮಾಡಿಸಿಕೊಂಡಿದ್ದ. ನಾನು ಚಿಕ್ಕವಳಿದ್ದಾಗ ನಮ್ಮ ಮನೆಗೆ ಬಂದರೆ ಅವ್ವ ರೊಟ್ಟಿ ತಟ್ಟುತ್ತ ಹಾಡಿಸುತ್ತಿದ್ದಳು. ಆ ಪದ ಹೀಗೆ ಶುರುವಾಗುತ್ತಿತ್ತು:

ಕೆಂಪು ಮೋತಿ ಸಾಹೇಬ ಬಂದ ತಕ್ಕಡಿ ಹಿಡಕೊಂಡ
ನಮ್ಮ ಹತ್ತಿ ನಮಗ ಮಾರಿದ ಅರಿವಿ ಮಾಡಿಕೊಂಡ

ಸಭೆಯಲ್ಲಿ ಬ್ರಿಟಿಷರ ವಿರುದ್ಧ ಹಾಡಿದ ಕವಿಗಳಿಗೆ ಶಾಲು ಹೊದಿಸುವ ಕಾರ್ಯಕ್ರಮವೂ ಇತ್ತು. ನಾನು ಮಾವನ ಸುದ್ದಿ ಎತ್ತಿದೆ. ಸಮಿತಿಯವರು, ಅಚ್ಚಾದ ಪದ್ಯ ಇದೆಯೇ ಎಂದು ಕೇಳಿದರು. ಅಚ್ಚು ಹಾಕಿಸಿದ್ದರೆ ಆಗಲೇ ಜೈಲಿನಲ್ಲಿ ಕೊಳೆಯುತ್ತಿದ್ದ ಮನುಷ್ಯ, ಅಚ್ಚಿನ ಪುರಾವೆ ಎಲ್ಲಿಂದ ತರಬೇಕು? ಅಚ್ಚಾದ ಪದ್ಯ ರಾಶಿಗಟ್ಟಲೆ ಇದ್ದದ್ದು ಪಂಡಿತರ ಹತ್ತಿರ. ಹಾಗಾಗಿ ಶಾಲು ಪಂಡಿತರಿಗೇ ಎಂದು ತೀರ್ಮಾನವಾಯಿತು. ಚಕ್ರವರ್ತಿಗೆ ಉಘೇ ಎಂದವರಿಗೆ ಚಕ್ರವರ್ತಿಯನ್ನು ಓಡಿಸಿದ ಶಾಲು. ಮಾವನಿಗೆ ಐದು ನಿಮಿಷ ಹಾಡಲು ಬಿಡುತ್ತೇವೆ, ಆದರೆ ಸಾಹಿತ್ಯ ಮೊದಲೇ ಬರೆದು ಪಂಡಿತರಿಗೆ ತೋರಿಸಬೇಕು ಎಂದರು.

ಗುತ್ತೂರಿಗೆ ಹೋಗಿ ಮಾವನ ಬಾಯಿಂದ ಕೇಳಿ ಬರೆದುಕೊಂಡೆ. ಮಾವ ಗೌರಿಹುಣ್ಣಿಮೆ ಬಂದ ಹಾಗೆ ಸಂಭ್ರಮ ಪಟ್ಟ. "ಹಂಗಾರ ಹೊಳಿ ದಂಡಿ ಮ್ಯಾಲ ನಿಂತ ಹಾಡೂದಾತಲ್ಲವ್ವ! ಆಚಿ ದಂಡಿಗೂ ಕೇಳತೈತಿ" ಎಂದು ದಪ್ಪನ್ನು ಬಿಸಿಲಿಗೆ ಹಿಡಿದು ಕಾಯಿಸಿ ನೋಡಿದ. ಇಪ್ಪತ್ತು ವರ್ಷದಿಂದ ಅವನು ಬಯಸಿದ್ದು ಅದೊಂದೇ. ತನ್ನನ್ನು ಓಡಿಸಿದ ದಡಕ್ಕೆ ಮುಖ ಮಾಡಿ ಒಮ್ಮೆ ದನಿ ಬಿಟ್ಟು ಹಾಡಬೇಕು.

ಪದದ ಮೂರನೆಯ ಸಾಲಿಗೆ ಪಂಡಿತರು ಹುಬ್ಬು ಗಂಟಿಕ್ಕಿದರು. ತಕ್ಕಡಿ ಸಾಹೇಬನದ್ದಾದರೂ ಅದನ್ನು ಎತ್ತಿ ಹಿಡಿದ ಕೈ ನಮ್ಮವರದ್ದೇ, ನಮ್ಮೂರ ಮಂಡಿಯವರದ್ದೇ ಎಂಬ ಅರ್ಥ ಅದಕ್ಕಿತ್ತು.

"ಇದನ್ನ ಅಧ್ಯಕ್ಷರ ಮುಂದೆ ಹಾಡಿಸ್ತೀಯೇನಮ್ಮ? ನಿಮ್ಮಪ್ಪ ಎಲ್ಲಿ ಕೆಲಸ ಮಾಡ್ತಾರೆ, ಮರೆತೆಯಾ?"

ಮರೆತಿರಲಿಲ್ಲ. ಕೆಂಪು ಪೆನ್ಸಿಲ್ಲು ನನ್ನ ಕೈಗೆ ಕೊಟ್ಟರು. ಆ ಸಾಲನ್ನು ನಾನೇ ಹೊಡೆದೆ. ಉಳಿದದ್ದನ್ನು ಪಂಡಿತರು 'ಪರಿಷ್ಕರಿಸಿದರು'. "ಪರದೇಶದಾ ಪ್ರಭುವು ತಕ್ಕಡಿಯ ಪಿಡಿದೈದಿ" ಎಂದು ಅದೂ ಷಟ್ಪದಿಯೇ ಆಯಿತು. ಉಳುವ ಎತ್ತಿಗೆ ಜರಿಪಂಚೆ ಉಡಿಸಿದ ಹಾಗೆ. ಮುಖ ಕೆಂಪಗಿದ್ದ ಸಾಹೇಬ ಪಂಡಿತರ ಕೈಗೆ ಸಿಕ್ಕ ಕೂಡಲೇ ಮತ್ತೆ ಪ್ರಭು ಆಗಿಬಿಟ್ಟ. ಬೈಯಬೇಕಾದ ಪದ್ಯದಲ್ಲೂ ಆ ಮನುಷ್ಯನಿಗೆ ಕೈ ಮುಗಿಯುವ ಚಟ ಬಿಟ್ಟಿರಲಿಲ್ಲ. ಮನೆಗೆ ಬಂದು ಆ ಷಟ್ಪದಿಯ ಒಳ್ಳೆಯ ಪ್ರತಿ ಮಾಡಿಟ್ಟುಕೊಂಡೆ. ಮಾವ ಹೇಳಿ ಬರೆಸಿದ ಹಾಳೆ ಅಪ್ಪನ ಕಣ್ಣಿಗೆ ಬೀಳಬಾರದೆಂದು ಮರುದಿನ ಬೆಳಿಗ್ಗೆ ಹತ್ತಿಕಟ್ಟಿಗೆಯ ಜೊತೆ ಬಚ್ಚಲೊಲೆಗೆ ಹಾಕಿದೆ.

ಹೊಸ ಸಾಹಿತ್ಯ ತೆಗೆದುಕೊಂಡು ಮತ್ತೆ ಗುತ್ತೂರಿಗೆ ಹೋದೆ. ಮಾವ ಪೂರ್ತಿ ಕೇಳಿದ.

"ತಕ್ಕಡಿ ಹಿಡದ ಕೈ ಎಲ್ಲಿ ಹೋತವ್ವ?"

"ಅದು ಬ್ಯಾಡ ಅಂದಾರ ಮಾವ. ಐದ ನಿಮಿಷ ಕೊಟ್ಟಾರ, ಹೆಂಗೋ ಹಾಡಿಬಿಡು."

"ಇದನ್ನ ದಪ್ಪಿಗೆ ಹೆಂಗ ಹಾಡ್ಲಿ? ಇದು ಗುಡಿಯಾಗ ಗಂಟಿ ಬಾರಿಸಿ ಹೇಳೂ ಪದ" ಎಂದ. ಬರುತ್ತೇನೆ ಎನ್ನಲಿಲ್ಲ, ಬರುವುದಿಲ್ಲ ಎಂದೂ ಹೇಳಲಿಲ್ಲ.

ಸಭೆಯ ದಿನ ದಾವಣಗೆರೆಯಿಂದ ರೈಲಿನಲ್ಲಿ ಹರಿಹರಕ್ಕೆ ಹೋದೆವು. ಪಂಡಿತರ ತೊಡೆಯ ಮೇಲೆ ಬಿನ್ನವತ್ತಳೆ ಇತ್ತು. ಹೊಸ ಕಟ್ಟು ಯಾಕೆ ದಂಡ ಎಂದು ಚಕ್ರವರ್ತಿಯ ಕಟ್ಟಿನೊಳಗೇ ಹೊಸ ಹಾಳೆ ಸೇರಿಸಿ ತಂದಿದ್ದರು. ಕಟ್ಟಿನ ನೆತ್ತಿಯ ಮೇಲೆ ಮರದಲ್ಲಿ ಕೆತ್ತಿದ ಕಿರೀಟ ಇತ್ತು, ಬ್ರಿಟಿಷರ ಕಿರೀಟ. ಅದನ್ನು ಕೀಳುವುದು ಯಾರಿಗೂ ಹೊಳೆದಿರಲಿಲ್ಲ.

ಹೊಳೆಯ ದಂಡೆಯ ಬಯಲಿನಲ್ಲಿ ಶಾಮಿಯಾನ. ನಾನು ರಾಗವಾಗಿ ಓದಿದೆ. ಹೊಳೆಯಾಚೆಯಿಂದ ಬಂದ ಕಲ್ಪತರು ಕುರ್ಚಿಯ ಮೇಲೆ ಕೂತು ತಲೆದೂಗಿತು. ಮಳೆ ಬರಿಸಿದ್ದೂ ತಾನೇ, ರೈಲು ತಂದದ್ದೂ ತಾನೇ ಎಂದು ನಂಬಿದ ಹಾಗೆ ಕಾಣುತ್ತಿತ್ತು. ಕಟ್ಟನ್ನು ಕೈಗೆ ಕೊಟ್ಟಾಗ ಮಂತ್ರಿಗಳು ಕಿರೀಟದ ಮೇಲೆ ಬೆರಳಾಡಿಸಿ, "ಕೆತ್ತನಿ ಭಾಳ ಚಂದ ಐತಿ ನೋಡ್ರಿ" ಎಂದು ಮೆಚ್ಚಿದರು. ಇಡೀ ಸಭೆಯಲ್ಲಿ ಒಬ್ಬನೇ ಒಬ್ಬನೂ ನಗಲಿಲ್ಲ. ಹತ್ತು ವರ್ಷದಲ್ಲಿ ನಮ್ಮ ಮಂದಿ ಕಿರೀಟದ ಗುರುತನ್ನೂ ಮರೆತಿದ್ದರು. ಅಥವಾ ಯಾರ ಕಿರೀಟವಾದರೇನು, ಹೊತ್ತು ರೂಢಿಯಾಗಿತ್ತು.

ಪಂಡಿತರಿಗೆ ಶಾಲು ಹೊದಿಸಿದರು. ಆಮೇಲೆ ಮಾವನನ್ನು ಕರೆಯುತ್ತಾರೆಂದು ನೋಡಿದೆ. ಮಾವ ಬಂದಿದ್ದ. ಕೊನೆಯ ಸಾಲಿನಲ್ಲಿ, ತಲೆಗೆ ಒಗೆದ ಪಟಕ ಸುತ್ತಿಕೊಂಡು, ದಪ್ಪನ್ನು ಎದೆಗೆ ಅವುಚಿಕೊಂಡು ನಿಂತಿದ್ದ. ಅವನು ಮೂರನೆಯ ಸಾಲನ್ನು ಹಾಡಲೆಂದೇ ಬಂದಿದ್ದಾನೆ ಎಂದು ಅವನ ನಿಲುವು ನೋಡಿಯೇ ನನಗೆ ಗೊತ್ತಾಯಿತು. ಪಂಡಿತರಿಗೂ ಗೊತ್ತಾಗಿರಬೇಕು. "ಸಮಯದ ಅಭಾವ. ಆ ಜಾನಪದ ಗೀತೆಯನ್ನೂ ನೀನೇ ಹೇಳಿಬಿಡು ತಾಯಿ" ಎಂದು ಮೈಕನ್ನು ನನ್ನ ಕಡೆ ತಿರುಗಿಸಿದರು.

ಆಗುವುದಿಲ್ಲ ಎನ್ನಬಹುದಿತ್ತು. ಮಾವ ಅಲ್ಲಿದ್ದಾನೆ ಎಂದು ಕೈ ತೋರಿಸಬಹುದಿತ್ತು. ಮುಂದಿನ ಸಾಲಿನಲ್ಲಿ ಸಾಹುಕಾರರು, ಅವರ ಹಿಂದೆ ಕೈ ಕಟ್ಟಿಕೊಂಡು ನಿಂತ ಅಪ್ಪ. ನಾನು ಪರದೇಶದ ಪ್ರಭುವನ್ನು ರಾಗವಾಗಿ ಹಾಡಿದೆ. ಎಲ್ಲರಿಗಿಂತ ಜೋರಾಗಿ ಚಪ್ಪಾಳೆ ತಟ್ಟಿದವರು ಸಾಹುಕಾರರು. ತಲೆ ಎತ್ತಿ ನೋಡುವಷ್ಟರಲ್ಲಿ ಕೊನೆಯ ಸಾಲಿನಲ್ಲಿ ಮಾವ ಇರಲಿಲ್ಲ.

ಸ್ಟೇಷನ್ನಿಗೆ ಬಂದ. ಯಾವಾಗಲೂ ಕಳಿಸುವ ಹಾಗೆ ಅವ್ವನಿಗೆ ಒಂದು ಗಂಟು ಅವರೆಕಾಳು ತಂದಿದ್ದ. ನನ್ನ ಕೈಗೆ ಕೊಟ್ಟ. ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ.

"ಆ ಪೊಲೀಸ ನನ್ನ ದಪ್ಪು ಸುಟ್ಟ, ಯವ್ವಾ. ಪದ ಬಾಯಾಗ ಉಳದಿತ್ತು. ನೀ ದಪ್ಪು ಬಿಟ್ಟಿ, ಪದ ಸುಟ್ಟಿ" ಎಂದ. ಬಚ್ಚಲೊಲೆಯ ವಿಷಯ ಅವನಿಗೆ ಗೊತ್ತಿರಲಿಲ್ಲ. ಅಷ್ಟರಲ್ಲಿ ರೈಲು ಬಂತು. ಅವರೆಕಾಳಿನ ಗಂಟನ್ನು ಮಡಿಲಲ್ಲಿಟ್ಟುಕೊಂಡು ದಾವಣಗೆರೆಯವರೆಗೂ ಅತ್ತೆ. ಎದುರಿಗೆ ಕೂತ ಪಂಡಿತರು ಅದನ್ನು ದೇಶಭಕ್ತಿ ಎಂದುಕೊಂಡರು.

ಮರುವರ್ಷ ನನ್ನ ಕೆಲಸ ಕಾಯಂ ಆಯಿತು. ಸಭೆಯ ಸ್ಮರಣ ಸಂಚಿಕೆಯಲ್ಲಿ ಆ ಷಟ್ಪದಿ ಅಚ್ಚಾಯಿತು, ಕೆಳಗೆ ಪಂಡಿತರ ಹೆಸರು. ಆಗಸ್ಟ್ ಹದಿನೈದು ಬಂತೆಂದರೆ ನಮ್ಮ ಶಾಲೆಯ ಹುಡುಗಿಯರು ಅದನ್ನೇ ಹಾಡುತ್ತಿದ್ದರು. ಕಲಿಸಿದವಳೂ ನಾನೇ.

ಅರವತ್ತರ ದಶಕದ ನಡುವೆ ಮಾವ ತೀರಿಕೊಂಡ. ಮಣ್ಣು ಮುಗಿದ ಮೇಲೆ ಅತ್ತೆಯ ಹತ್ತಿರ ಕೂತು ಆ ಪದ ನೆನಪಿದೆಯೇ ಎಂದು ಕೇಳಿದೆ. "ಆ ಸಭಿ ಆದ ಮ್ಯಾಲ ಅವ್ರು ಮನಿಯಾಗ ಬಾಯಿ ಬಿಡಲಿಲ್ಲವ್ವ. ದಪ್ಪಿನಾಗ ಕೋಳಿಗೆ ಕಾಳ ಹಾಕ್ತಿದ್ದೆ" ಎಂದಳು. ಅವ್ವನಿಗೂ ಮೊದಲ ಎರಡು ಸಾಲಿನ ಮುಂದೆ ನೆನಪಿರಲಿಲ್ಲ. ಹೊಳೆ ದಾಟಿ ಹೋಗಿ ಹಿಂದೆ ದನಿ ಎಳೆಯುತ್ತಿದ್ದವರಲ್ಲಿ ಒಬ್ಬನನ್ನು ಹುಡುಕಿದೆ. ಹಣ್ಣುಹಣ್ಣು ಮುದುಕ. ತುಂಬ ಹೊತ್ತು ಯೋಚಿಸಿ, ಕಣ್ಣು ಮುಚ್ಚಿ, 'ಗೀ ಗೀ' ಎಂದು ಎಳೆದ. ಅಷ್ಟೇ ಅವನಿಗೆ ಬರುತ್ತಿದ್ದದ್ದು.

ಈಗ ಪಂಡಿತರೂ ಇಲ್ಲ, ಸಾಹುಕಾರರೂ ಇಲ್ಲ, ಅಪ್ಪನೂ ಇಲ್ಲ. ಯಾರಿಗೂ ಹೆದರಬೇಕಾಗಿಲ್ಲ. ಮಾವನ ಪದದ ಎರಡು ಸಾಲು ಹೇಳಿಕೊಳ್ಳುತ್ತೇನೆ, ಮೂರನೆಯದಕ್ಕೆ ಬಾಯಿ ತೆರೆಯುತ್ತೇನೆ. ತಕ್ಕಡಿ ಎತ್ತಿ ಹಿಡಿದ ಕೈ ಯಾರದ್ದು ಎಂದು ಗೊತ್ತಿದೆ, ಅದನ್ನು ಮಾವ ಯಾವ ಮಾತಿನಲ್ಲಿ ಹೇಳಿದ್ದ ಎಂಬುದು ಮಾತ್ರ ಬರುವುದಿಲ್ಲ. ಕಾಯುತ್ತ ಕೂತರೆ, ಬೇಡವೆಂದರೂ, ಕಡಲಾಚೆಯಿಂದ ಆ ಕರುಣಾಳು ಕಲ್ಪತರುವೇ ಬರುತ್ತದೆ, ಹನ್ನೆರಡೂ ಷಟ್ಪದಿಗಳ ಸಮೇತ.