ಎಂಟು ಸೆಕೆಂಡು ತಡವಾಗಿ ಬಂದ ಕಲ್ಲು

ಮೂಡಲಗಿ ತಾಲೂಕಾಗಿ ಕಚೇರಿ ಬೋರ್ಡಿನ ಬಣ್ಣ ಇನ್ನೂ ಆರಿರದ ಕಾಲ. ನಾನು ಗಣಿ ಇಲಾಖೆಯಲ್ಲಿ ಭೂವಿಜ್ಞಾನಿ. ಗೋಕಾಕ, ಮೂಡಲಗಿ, ಹುಕ್ಕೇರಿ ಮೂರೂ ತಾಲೂಕಿನ ಕಲ್ಲು ಕ್ವಾರಿಗಳ ತಪಾಸಣೆ ನನ್ನ ಕೆಲಸ. ತುಕ್ಕಾನಟ್ಟಿಯ ಕುರಿಗಾರರ ಮಗಳು ನಾನು. ಅಪ್ಪನ ಕವಣೆಯಿಂದ ಹಾರಿದ ಕಲ್ಲು ಎಲ್ಲಿ ಬೀಳುತ್ತದೆಂದು ಕಣ್ಣಳತೆಯಲ್ಲೇ ಹೇಳುತ್ತ ಬೆಳೆದವಳು. ಕಲ್ಲಿನ ವಿಷಯದಲ್ಲಿ ನನಗೆ ಯಾರೂ ಟೋಪಿ ಹಾಕಲಾರರು ಎಂಬ ಸೊಕ್ಕು ಆಗಲೂ ಇತ್ತು, ಈಗಲೂ ಇದೆ.

ಹುಕ್ಕೇರಿ ಕಡೆಯ ಒಂದು ಕ್ವಾರಿ, ಹೆಸರು ಬೇಡ. ಅಲ್ಲಿ ಬಂಡೆ ಒಡೆಯಲು ಮದ್ದು ಸಿಡಿಸಿದ ಒಂದು ಮಧ್ಯಾಹ್ನ, ಹೊಲಗೂಲಿ ಮಾಡುವ ಶಾಂತಾಬಾಯಿ ಎಂಬಾಕೆಯ ಮನೆಯ ತಗಡು ಹರಿದು ತೆಂಗಿನಕಾಯಿ ಗಾತ್ರದ ಕಲ್ಲು ಒಳಗೆ ಬಿದ್ದಿತ್ತು. ಹಾಸಿಗೆ ಹಿಡಿದಿದ್ದ ಅತ್ತೆಯ ತಲೆಗೂ ಕಲ್ಲಿಗೂ ಒಂದೇ ಗೇಣು ಅಂತರ. ಆಕೆ ದೂರು ಕೊಟ್ಟಳು. ಕ್ವಾರಿಯವರು ತಿರುಗಿ ಆಕೆಯ ಮೇಲೆಯೇ ಸುಳ್ಳು ದೂರಿನ ಕೇಸು ಹಾಕಿದರು. ಕಲ್ಲು ಅಷ್ಟು ದೂರ ಹಾರುವುದಿಲ್ಲವಂತೆ, ತಾನೇ ತಗಡು ಒಡೆದುಕೊಂಡಳಂತೆ! ಕಳ್ಳನಿಗೊಂದು ಪಿಳ್ಳೆ ನೆವ. ಆಕೆ ಕೋರ್ಟು ಹತ್ತಬೇಕೋ, ಸಿಡಿತ ನಿಲ್ಲಬೇಕೋ ಎಂಬುದು ನನ್ನ ವರದಿಯ ಮೇಲೆ ನಿಂತಿತು.

ನಾನು ಹೋಗುವಷ್ಟರಲ್ಲಿ ಹತ್ತೊಂಬತ್ತು ದಿನ ಕಳೆದಿದ್ದವು. ಗುರುತು ಉಳಿದಿರಲಾರದು ಎಂದುಕೊಂಡೇ ಹೋದೆ. ಮಣ್ಣಿನ ನೆಲ, ವಾರಕ್ಕೆರಡು ಸಲ ಸೆಗಣಿ ಸಾರಿಸುವ ಮನೆ. ಒಳಗೆ ಕಾಲಿಟ್ಟರೆ ಕಲ್ಲು ಬಿದ್ದ ಕುಳಿ ಹಾಗೇ ಇತ್ತು! ಸುತ್ತಲೂ ಸಾರಿಸಿ ಅದೊಂದನ್ನು ಬಿಟ್ಟಿದ್ದಳು. ತಗಡಿನ ತೂತೂ ಹಾಗೇ, ಅದರ ಕೆಳಗೊಂದು ಬಕೆಟ್.

“ಕ್ವಾರಿ ಮಂದಿ ಹೊಸಾ ತಗಡ ತಂದಿದ್ರು. ಹಚ್ಚಿ ಕೊಡ್ತೇವಿ ಅಂದ್ರು. ಮಳಿ ಬಂದ್ರ ಬರಲಿ, ಮುಟ್ಟಬ್ಯಾಡ್ರಿ ಅಂದೆ. ತೂತ ಮುಚ್ಚಿದ್ರ ನನ್ನ ಬಾಯೀನೂ ಮುಚ್ಚತೈತಲ್ರಿ,” ಎಂದಳು.

ಭಲೇ ಹೆಣ್ಣೇ ಎಂದು ಬಾಯಿಬಿಟ್ಟೇ ಹೇಳಿದೆ. ಕುಳಿಯಲ್ಲಿ ಮೊಳೆ ಹೊಡೆದು, ದಾರ ಕಟ್ಟಿ, ತೂತಿನವರೆಗೆ ಬಿಗಿದೆ. ದಾರ ಸೀದಾ ಕ್ವಾರಿಯ ಕಡೆಗೆ ಮುಖ ಮಾಡಿತು. ಓರೆ ಐವತ್ತು ಡಿಗ್ರಿ. ಎಸೆದ ಕಲ್ಲು ಎಷ್ಟು ಓರೆಯಲ್ಲಿ ಏರುತ್ತದೋ, ಸಮತಟ್ಟಾದ ಜಾಗದಲ್ಲಿ ಹೆಚ್ಚುಕಡಿಮೆ ಅಷ್ಟೇ ಓರೆಯಲ್ಲಿ ಇಳಿಯುತ್ತದೆ. ಕ್ವಾರಿಯವರೆಗೆ ಟೇಪು ಹಿಡಿದರೆ ಮುನ್ನೂರೈವತ್ತು ಮೀಟರು.

ಅಳತೆ ಮುಗಿಸಿ ಮನೆಗೆ ಮರಳಿದರೆ ಕ್ವಾರಿಯ ಎಂಜಿನಿಯರ್ ಅಲ್ಲಿ ನಿಂತಿದ್ದ. ಬುದ್ಧಿವಂತ. ಆಕೆಯ ಹೇಳಿಕೆಯ ಪ್ರತಿ ತೆಗೆದ.

“ಓದ್ರಿ ಮೇಡಂ. ಢಂ ಅಂದ ಮ್ಯಾಲ ಕೊಡ ಎತ್ತಿಕೊಂಡು ಅಂಗಳಕ್ಕ ಬಂದೆ, ಆಮ್ಯಾಲ ಕಲ್ಲ ಬಿತ್ತು ಅಂತಾಳ. ಕಲ್ಲ ನಡುವ ಚಾ ಕುಡ್ಯಾಕ ನಿಂತಿತ್ತೇನ್ರಿ?”

ನೆರೆದ ಊರವರು ನಕ್ಕರು. ಶಾಂತಾಬಾಯಿಯ ಮುಖ ಸಣ್ಣದಾಯಿತು. ನನಗೆ ಮೈಯೆಲ್ಲ ಉರಿದುಹೋಯಿತು. ಅಲ್ಲೇ ಲೆಕ್ಕ ಹಾಕಿದೆ. ಐವತ್ತು ಡಿಗ್ರಿಯಲ್ಲಿ ಹೊರಟ ಕಲ್ಲು ಮುನ್ನೂರೈವತ್ತು ಮೀಟರಿನಾಚೆ ಬೀಳಬೇಕಾದರೆ, ಅದು ಮೇಲೇರಿ, ಗುರುತ್ವ ಅದನ್ನು ಎಳೆದು ನೆಲಕ್ಕಿಳಿಸುವ ಹೊತ್ತಿಗೆ ಸುಮಾರು ಒಂಬತ್ತು ಸೆಕೆಂಡು ಆಗುತ್ತದೆ. ಸದ್ದು ಒಂದೇ ಸೆಕೆಂಡಿನಲ್ಲಿ ಬಂದುಬಿಡುತ್ತದೆ. ಉಳಿದದ್ದು ಎಂಟು. ಚೀಟಿಯಲ್ಲಿ ಎಂಟು ಎಂದು ಬರೆದು, ಮಡಿಸಿ, ಅವನ ಅಂಗಿಯ ಕಿಸೆಗೇ ಹಾಕಿದೆ.

“ನಿಮ್ಮ ಫೋನಿನಾಗ ಸ್ಟಾಪ್‌ವಾಚ್ ಐತಿಲ್ರಿ? ನೀವ ಹಿಡೀರಿ. ಶಾಂತಾಬಾಯಿ, ಅವತ್ತ ಹೆಂಗ ಮಾಡಿದ್ಯೋ ಹಂಗ ಮಾಡವ್ವ.”

ನಾನು ಢಂ ಎಂದೆ. ಆಕೆ ಬೆಚ್ಚಿ ನಿಂತಳು, ಅತ್ತೆಯ ಕಡೆ ಒಮ್ಮೆ ನೋಡಿದಳು, ಕೊಡ ಎತ್ತಿ ಸೊಂಟಕ್ಕಿಟ್ಟು ಹೊಸ್ತಿಲು ದಾಟಿ ಅಂಗಳದ ಒಗೆಯುವ ಕಲ್ಲಿನ ಹತ್ತಿರ ನಿಂತಳು.

“ಇಲ್ಲೇ ಇದ್ದೆರಿ. ಬಿತ್ತು.”

ಎಂಜಿನಿಯರ್ ಫೋನು ನೋಡಿದ.

“ಎಷ್ಟ್ರಿ?”

“ಎಂಟು ಚಿಲ್ಲರ.”

“ಕಿಸೇದಾಗಿನ ಚೀಟಿ ಓದ್ರಿ, ಎಲ್ಲಾರಿಗೂ ಕೇಳೂ ಹಂಗ.”

ಸುಳ್ಳು ಹೇಳುವವಳಾಗಿದ್ದರೆ ಢಂ ಎಂದ ಕೂಡಲೇ ಬಿತ್ತು ಎನ್ನುತ್ತಿದ್ದಳು. ಲೋಕ ನಂಬುವುದು ಅದನ್ನೇ. ಖರೆ ಹೇಳಿದ್ದಕ್ಕೇ ಆಕೆ ನಗೆಪಾಟಲಾಗಿದ್ದಳು. ಈ ಸಲ ಯಾರೂ ನಗಲಿಲ್ಲ.

ಸಂಜೆ ನನ್ನ ಮೇಲಧಿಕಾರಿಯ ಫೋನು ಬಂತು. “ಕಲ್ಲು ಅಷ್ಟು ದೂರ ಹಾರೂದು ಅಸಂಭವ ಅಂತ ಒಂದ ಸಾಲ ಬರದು ಮುಗಸ್ರಿ. ನಿಮಗ ಯಾಕ ಊರ ಉಸಾಬರಿ?”

“ಎತ್ತು ಈದೈತಿ ಅಂದ್ರ ಕೊಟ್ಟಗ್ಯಾಗ ಕಟ್ಟಾಕ ನನ್ನ ಕೈಲೆ ಆಗೂದಿಲ್ರಿ ಸರ್. ಯಾರ ಫೋನಿಗೂ ಕಲ್ಲು ದಾರಿ ಬದಲಸೂದಿಲ್ಲ,” ಎಂದು ಇಟ್ಟೆ.

ಅಳೆದದ್ದನ್ನೆಲ್ಲ ಅಳೆದ ಹಾಗೇ ಬರೆದೆ. ಆಕೆಯ ಮೇಲಿನ ಕೇಸು ಬಿದ್ದುಹೋಯಿತು, ಸಿಡಿತ ನಿಂತಿತು. ತಿಂಗಳೊಳಗೆ ನನಗೆ ವರ್ಗವಾಯಿತು. ಆಗಲಿ ಬಿಡಿ, ಗಂಟುಮೂಟೆ ಕಟ್ಟಿದೆನೇ ಹೊರತು ತಲೆ ತಗ್ಗಿಸಲಿಲ್ಲ.

ಸೂತ್ರ ಪುಸ್ತಕದಲ್ಲಿ ಯಾವಾಗಲೂ ಇರುತ್ತದೆ, ಅದನ್ನು ಹಚ್ಚಿ ನೋಡುವ ಗುರುತನ್ನು ಮಾತ್ರ ಯಾರಾದರೂ ಹಟ ಹಿಡಿದು ಕಾಯಬೇಕು. ನೌಕರಿ ನನಗೆ ಕಲಿಸಿದ್ದು ಇಷ್ಟು. ನಿವೃತ್ತಿಯ ಮೇಲೆ ಒಮ್ಮೆ ಆಕೆಯ ಮನೆಗೆ ಹೋಗಿದ್ದೆ. ತಗಡು ಹೊಸದಾಗಿತ್ತು. ನೆಲ ಆಗಷ್ಟೇ ಸಾರಿಸಿದ್ದಳು, ಕುಳಿ ಬಿಟ್ಟು.

“ಇನ್ನೂ ಯಾಕ ಮುಚ್ಚಿಲ್ಲವ್ವಾ ಇದನ್ನ?” ಎಂದೆ.

“ಕ್ವಾರಿ ಇನ್ನೂ ಅಲ್ಲೇ ಐತಲ್ರಿ, ಬಾಯಾರ.”