ಅರವತ್ತು ರೊಟ್ಟಿ ಮತ್ತು ಒಂದು ಮೊಣಕೈ

ನನ್ನ ಬಲ ಮೊಣಕೈಯ ನೋವು ಶುರುವಾದದ್ದು ಜಗತ್ ವೃತ್ತದ ಹತ್ತಿರ, ಸ್ಕೂಟರಿನ ಮುಂದಿನ ಗಾಲಿ ಗುಂಡಿಗೆ ಇಳಿದಾಗ. ಹೀಗೆಂದು ಎರಡು ತಿಂಗಳು ಎಲ್ಲರಿಗೂ ಹೇಳಿದೆ. ಎದುರಿಗೆ ಬಂದ ಆಟೋ, ಹ್ಯಾಂಡಲ್ ಜಗ್ಗಿದ ಕ್ಷಣ, ಮೊಣಕೈಯ ಹೊರಬದಿಯಲ್ಲಿ ಚಳಕ್ಕೆಂದದ್ದು, ಎಲ್ಲವೂ ಕಣ್ಣಿಗೆ ಕಟ್ಟಿದಂತಿತ್ತು. ಆಮೇಲೆ ದಿನಚರಿ ತೆರೆದು ನೋಡಿದರೆ, ಆ ವಾರವಿಡೀ ಸ್ಕೂಟರ್ ಮೆಕ್ಯಾನಿಕ್‌ನ ಅಂಗಡಿಯಲ್ಲಿತ್ತು. ನಾನು ಬಸ್ಸಿನಲ್ಲಿ ಓಡಾಡಿದ್ದೆ.

ದಿನಚರಿ ಬರೆಯುವುದು ಎಂ.ಎ. ಓದುವಾಗ ಹತ್ತಿದ ಚಟ. ಓದಿದ್ದು ಇತಿಹಾಸ, ಕೆಲಸ ಕಪನೂರಿನ ಒಂದು ಬೇಳೆ ಮಿಲ್ಲಿನ ಆಫೀಸಿನಲ್ಲಿ. ನನ್ನ ನೆನಪು ಸುಳ್ಳು ಹೇಳುತ್ತದೆಂದು ನನಗೆ ಗೊತ್ತು. ಆದರೆ ಯಾವಾಗ ಹೇಳುತ್ತಿದೆ ಎಂಬುದು ಮಾತ್ರ ಗೊತ್ತಾಗುವುದಿಲ್ಲ. ಹಾಗಾಗಿ ಈ ಬರಹದಲ್ಲಿ ದಿನಚರಿಯಲ್ಲಿದ್ದದ್ದನ್ನು ಧೈರ್ಯವಾಗಿ ಹೇಳುತ್ತೇನೆ, ಉಳಿದದ್ದನ್ನು ಸ್ವಲ್ಪ ಅಳುಕುತ್ತಾ.

ಶಹಾಬಜಾರದ ನಮ್ಮ ಮನೆಯಲ್ಲಿ ರೊಟ್ಟಿ ಬಡಿಯುವವನು ನಾನು. ಹೆಂಡತಿ ಶಾಲೆಯ ಶಿಕ್ಷಕಿ, ಬೆಳಗಿನ ಬಸ್ಸು ಹಿಡಿಯಬೇಕು. ಪಲ್ಯ ಅವಳದು, ರೊಟ್ಟಿ ನನ್ನದು ಎಂದು ಮೂರು ವರ್ಷದ ಹಿಂದೆ ಹಂಚಿಕೊಂಡೆವು. ಕಲಿಯುವಾಗ ಪ್ರತಿದಿನ ಎಷ್ಟು ಬಡಿದೆ, ಎಷ್ಟು ಹರಿದವು ಎಂದು ಬರೆದಿಡುತ್ತಿದ್ದೆ. ಹರಿಯುವುದು ನಿಂತ ಮೇಲೂ ಎಣಿಕೆ ಮುಂದುವರಿಯಿತು. ಅದರಲ್ಲಿ ಸ್ವಲ್ಪ ಜಂಬವೂ ಇತ್ತು.

ಜಂಬದ ಫಲ ಸಿಕ್ಕಿದ್ದು ಶ್ರಾವಣದಲ್ಲಿ, ನಾಗರ ಪಂಚಮಿಯ ಮುಂಚಿನ ರೊಟ್ಟಿ ಹಬ್ಬಕ್ಕೆ. ಅಂದು ಮನೆಮನೆಯಲ್ಲಿ ತೆಳ್ಳನೆಯ ರೊಟ್ಟಿ ಮಾಡಿ ಓಣಿಗೆಲ್ಲ ಬೀರುತ್ತಾರೆ. ನಾವು ಕಮಲಾಪುರಕ್ಕೆ, ಹೆಂಡತಿಯ ತವರಿಗೆ ಹೋಗಿದ್ದೆವು. ನಾನು ಅಡುಗೆ ಮನೆಗೆ ಕಾಲಿಟ್ಟೊಡನೆ ಅತ್ತೆ ಎದ್ದು ನಿಂತರು.

"ಅಳ್ಯಾರು ಒಲಿ ಮುಂದ ಕುಂತ್ರ ಓಣಿ ಮಂದಿ ನನಗ ಏನಂತಾರ್ರಿ?"

"ಬಾಗ್ಲಾ ಹಾಕ್ರಿ ಅತ್ತಿ. ಯಾರಿಗೂ ಕಾಣಂಗಿಲ್ಲ."

"ಬಡೀಲಿ ಬಿಡವ್ವ," ಎಂದಳು ಹೆಂಡತಿ. "ನನಕಿಂತ ಛಲೋ ಬಡೀತಾರ."

"ಅದೇನ ದೊಡ್ಡ ಮಾತಲ್ಲ ಬಿಡು. ನಿನ್ನ ರೊಟ್ಟಿ ನೋಡಿದ್ರ ಯಾವ ದೇಶದ ನಕಾಶಿ ಅಂತ ಕೇಳ್ಬೇಕು."

ಅತ್ತೆ ನಗುತ್ತಾ ಜಾಗ ಬಿಟ್ಟರು. ಆಗಲೇ ಮಾಡಿಟ್ಟಿದ್ದ ರೊಟ್ಟಿಯನ್ನು ಓಣಿಗೆ ಬೀರಲು ತಾಯಿ ಮಗಳು ಹೊರಗೆ ಹೋದರು. ನನ್ನ ತಲೆಯಲ್ಲಿ ಒಂದು ಸಂಖ್ಯೆ ಕೂತಿತ್ತು. ಎಳ್ಳಮಾವಾಸ್ಯೆಗೆ ಹೊಲದ ಊಟಕ್ಕೆ ಅತ್ತೆ ಒಂದೇ ಬೆಳಗಿನಲ್ಲಿ ಅರವತ್ತು ಸಜ್ಜೆ ರೊಟ್ಟಿ ಬಡಿಯುತ್ತಾರೆ, ನಾನದನ್ನು ಕಣ್ಣಾರೆ ನೋಡಿದ್ದೇನೆ. ಅವರಿಗೆ ಅರವತ್ತಾರು, ನನಗೆ ನಲವತ್ತೊಂದು. ಅವರಿಗೆ ಆಗುವುದು ನನಗೆ ಆಗದೇ?

ಅರವತ್ತನೆಯ ರೊಟ್ಟಿ ಹಂಚಿನ ಮೇಲಿದ್ದಾಗ ಅತ್ತೆ ಬಂದು ರಾಶಿ ನೋಡಿದರು. "ಇಷ್ಟೂ ಈಗೇ ಬಡದ್ರೇನ್ರಿ?" ಎಂದರು. ನಾನದನ್ನು ಹೊಗಳಿಕೆ ಎಂದುಕೊಂಡೆ. ಅವತ್ತೇ ಇನ್ನೊಂದು ಮಾತೂ ಆಯಿತು. ಎಳ್ಳಮಾವಾಸ್ಯೆಗೆ ಸ್ವಲ್ಪ ಮುಂಚೆ ಅವರ ಕಣ್ಣಿನ ಪೊರೆಯ ಆಪರೇಷನ್ ಇತ್ತು. ಒಲೆಯ ಹೊಗೆ ಒಂದು ತಿಂಗಳು ಕೂಡದು ಎಂದು ಡಾಕ್ಟರು ಹೇಳಿದ್ದರು.

"ನಮ್ಮ ಹೊಲಕ್ಕ ಅಂಗಡಿ ರೊಟ್ಟಿ ಒಯ್ದದ್ದು ಇಲ್ಲೀತನಕ ಇಲ್ರಿ," ಎಂದು ಅತ್ತೆ ಸಣ್ಣ ದನಿಯಲ್ಲಿ ಹೇಳಿದರು. ದೂರು ಹೇಳುವ ಸ್ವಭಾವ ಅವರದಲ್ಲ. ಅದಕ್ಕೇ ಆ ಮಾತು ತಾಕಿತು.

"ಒಯ್ಯೋದೂ ಇಲ್ಲ. ನಾ ಬಡೀತೀನಿ," ಎಂದೆ.

ಮರುದಿನದ ದಿನಚರಿಯಲ್ಲಿ ಒಂದೇ ಸಾಲು: ಮೊಣಕೈ ಸ್ವಲ್ಪ ಬಿಗಿ. ಹದಿನೈದು ದಿನದಲ್ಲಿ ಚಹಾದ ಕಪ್ಪು ಎತ್ತಿದರೂ ನೋವು, ಬೀಗದ ಕೈ ತಿರುಗಿಸಿದರೂ ನೋವು. ನರ ಹಿಡಿದಿದೆ ಎಂದು ಮಿಲ್ಲಿನವರೆಲ್ಲ ಹೇಳಿದರು, ನಾನೂ ಒಪ್ಪಿದೆ. ಮಾಲೀಶ್ ಮಾಡಿಸಿದೆ, ಮುಲಾಮು ಹಚ್ಚಿದೆ, ಮೊಣಕೈಗೆ ಪಟ್ಟಿ ಬಿಗಿದೆ. ಮೂರು ವಾರ ಹಿಟ್ಟು ಮುಟ್ಟಲಿಲ್ಲ. ನೋವು ಹೋಯಿತು. ಆ ಖುಷಿಗೆ ನೆಂಟರನ್ನು ಊಟಕ್ಕೆ ಕರೆದು ಒಂದೇ ಸಲಕ್ಕೆ ಮೂವತ್ತು ಬಡಿದೆ. ನೋವು ಮೊದಲಿಗಿಂತ ಗಟ್ಟಿಯಾಗಿ ಮರಳಿತು.

ಆಗ ಹೆಂಡತಿ ನನ್ನನ್ನು ಜಗತ್ ಹತ್ತಿರದ ಒಬ್ಬ ಫಿಸಿಯೋಥೆರಪಿಸ್ಟ್ ಬಳಿ ಕಳಿಸಿದಳು. ಮೂವತ್ತರ ಆಸುಪಾಸಿನ ಹೆಂಗಸು, ಮಾತು ಕಡಿಮೆ. ಅಂಗೈ ಕೆಳಮುಖ ಮಾಡಿ ಕುರ್ಚಿ ಎತ್ತಲು ಹೇಳಿದರು. ಎತ್ತಲು ಹೋಗಿ ಕೈಬಿಟ್ಟೆ.

"ಕೈಲೆ ಏನ್ ಕೆಲಸ ಮಾಡ್ತೀರಿ ಸರ್?"

ನಾನು ದನಿ ತಗ್ಗಿಸಿದೆ. "ರೊಟ್ಟಿ ಬಡೀತೀನ್ರಿ."

"ಖಾನಾವಳಿ ಅದ ಏನ್ರಿ?"

"ಇಲ್ರಿ. ಮನ್ಯಾಗ."

ಪಕ್ಕದ ಬೆಂಚಿನಲ್ಲಿ ಮೊಣಕಾಲಿಗೆ ಬಿಸಿ ಪಟ್ಟಿ ಸುತ್ತಿಕೊಂಡು ಕೂತಿದ್ದ ಹಿರಿಯ ಹೆಂಗಸು ತಿರುಗಿ ನೋಡಿ, "ನಮ್ಮ ಮನಿಯವರಿಗೂ ಇಂಥಾ ಬ್ಯಾನಿ ಬರ್ಬಾರ್ದೇನವ್ವ," ಎಂದು ನಿಟ್ಟುಸಿರುಬಿಟ್ಟರು.

ನಾನು ಸ್ಕೂಟರಿನ ಕಥೆ ಹೇಳಿದೆ. ಫಿಸಿಯೋಥೆರಪಿಸ್ಟ್ ಪೂರ್ತಿ ಕೇಳಿ, ನೋವು ಶುರುವಾದ ತಾರೀಖು ತಿಳಿದುಕೊಂಡು ಬನ್ನಿ ಎಂದರು. ಹಾಗೆ ದಿನಚರಿ ತೆರೆದದ್ದು. ಮುಂದಿನ ಭೇಟಿಗೆ ಅದನ್ನೇ ಒಯ್ದೆ. ಆರು, ಆರು, ಏಳು, ಆರು, ಅರವತ್ತು. ಅವರು ಆ ಪುಟದ ಮೇಲೆ ಪೆನ್ನು ಇಟ್ಟು ನಕ್ಕರು.

"ಸರ್, ಇದು ನರ ಅಲ್ರಿ. ಮಾಂಸಖಂಡನ ಎಲುಬಿಗೆ ಬಿಗಿದು ಕಟ್ಟಿದ ಹುರಿ ಇರ್ತದ, ಅದು. ದಿನಾ ಆರು ರೊಟ್ಟಿ ಅದಕ್ಕ ರೂಢಿ ಇತ್ತು. ನೀವು ಒಂದೇ ದಿನ ಹತ್ತು ಪಟ್ಟು ಹೊರಿಸೀರಿ."

"ಮೂರು ವಾರ ಆರಾಮ ಕೊಟ್ಟಿದ್ನಲ್ರಿ?"

"ಆರಾಮ ಕೊಟ್ರ ನೋವು ಸುಮ್ನಾಗ್ತದ, ತಾಕತ್ತು ಬರಂಗಿಲ್ಲ. ತಾಕತ್ತು ಬರ್ಬೇಕಂದ್ರ ಭಾರ ಬೇಕು. ಆದ್ರ ಸ್ವಲ್ಪ ಸ್ವಲ್ಪ."

ಸೂಜಿ ಚುಚ್ಚಿಸಿಕೊಂಡರೆ ಬೇಗ ಆಗುವುದಿಲ್ಲವೇ ಎಂದು ಕೇಳಿದೆ. ಕೆಲವು ವಾರ ಹಗುರ ಅನಿಸಬಹುದು, ಆದರೆ ಹುರಿ ಗಟ್ಟಿಯಾಗುವುದಿಲ್ಲ, ನೋವು ಮರಳುವ ಸಂಭವವೂ ಉಂಟು ಎಂದರು. ಹಾಗಾದರೆ ಒಂದೇ ಬೆಳಗಿನಲ್ಲಿ ಅರವತ್ತು ಬಡಿಯುವ ನಮ್ಮ ಅತ್ತೆಗೆ ಯಾಕೆ ಏನೂ ಆಗಿಲ್ಲ ಎಂದು ಹಟ ಹಿಡಿದೆ.

"ಅವರು ಸಣ್ಣಾಕಿ ಇದ್ದಾಗಿಂದ ಬಡೀತಿರ್ಬೇಕು. ಆದ್ರ ಒಂದೇ ಬೆಳಗಿನ್ಯಾಗ ಅರವತ್ತು ಬಡಿಯೋದನ್ನ ನೀವು ನೋಡೀರೇನು?"

"ಕಣ್ಣಾರೆ ನೋಡೀನ್ರಿ."

"ಸ್ಕೂಟರ್ ಗುಂಡಿನೂ ಕಣ್ಣಾರೆ ನೋಡಿದ್ರಲ್ಲ ಸರ್," ಎಂದರು ಆಕೆ.

ಚಿಕಿತ್ಸೆ ನೀರಸವಾಗಿತ್ತು, ಅದೇ ಅದರ ಗುಣ. ಮುಂಗೈ ಮೇಜಿನ ಮೇಲಿಟ್ಟು, ಅರ್ಧ ಕಿಲೋ ತೊಗರಿ ಬೇಳೆಯ ಪ್ಯಾಕೆಟ್ ಹಿಡಿದು, ಮಣಿಕಟ್ಟು ಎತ್ತಿ ಮುಕ್ಕಾಲು ನಿಮಿಷ ಅಲುಗದೆ ಇರಬೇಕು. ಕೆಲವು ವಾರದ ನಂತರ ಎತ್ತಿ ನಿಧಾನವಾಗಿ ಇಳಿಸಬೇಕು. ಆಮೇಲೆ ಒಂದು ಕಿಲೋ. ನೋವು ಹತ್ತಕ್ಕೆ ಮೂರರೊಳಗಿದ್ದರೆ ನಡೆಯುತ್ತದೆ, ಮರುದಿನ ಬೆಳಿಗ್ಗೆ ಹೆಚ್ಚಿದ್ದರೆ ಒಂದು ಹೆಜ್ಜೆ ಹಿಂದೆ. ಜೊತೆಗೆ ರೊಟ್ಟಿ: ಮೊದಲ ವಾರ ದಿನಕ್ಕೆ ಎರಡು, ಮುಂದೆ ಮೂರು. ಉಳಿದದ್ದು ಹೆಂಡತಿಯ ನಕಾಶೆಗಳು.

"ಇನ್ನಾ ಎಷ್ಟ ಹೊತ್ರಿ? ಕುಕ್ಕರ್ ಇಡಬೇಕು, ಆ ಬ್ಯಾಳಿ ಕೊಡ್ರಿ," ಎಂದು ಅವಳು ಒಲೆಯ ಮುಂದಿನಿಂದ ಕೂಗುವಳು.

"ಇನ್ನೂ ಎಂಟು ಸಲ ಅದ."

"ಮಿಲ್ಲಿನ್ಯಾಗ ಇಡೀ ದಿನಾ ಬ್ಯಾಳಿ, ಮನ್ಯಾಗೂ ಬ್ಯಾಳಿ. ಪುಣ್ಯವಂತ್ರು."

ಕಾರ್ತಿಕ ಕಳೆಯುವಾಗ ದಿನಕ್ಕೆ ಹತ್ತು, ಎಳ್ಳಮಾವಾಸ್ಯೆಗೆ ಹತ್ತು ದಿನವಿದ್ದಾಗ ಹದಿನೈದು. ಹದಿನೆಂಟಕ್ಕೆ ಹೋದ ಮರುದಿನ ಬೆಳಿಗ್ಗೆ ಬ್ರಷ್ ಹಿಡಿಯುವಾಗ ಮೊಣಕೈ ತಕರಾರು ಮಾಡಿತು. ಹದಿನೈದು ನನ್ನ ಮಿತಿ ಎಂಬುದು ಸ್ಪಷ್ಟವಾಯಿತು. ಅರವತ್ತು ದೂರದ ಮಾತು. ಕೊಟ್ಟ ಮಾತು ತಪ್ಪಿತಲ್ಲ ಎಂದು ಎರಡು ದಿನ ಮನಸ್ಸು ಕುಗ್ಗಿತು. ಫೋನಿನಲ್ಲಿ ಹೇಳುವ ಮಾತಲ್ಲವೆಂದು ರವಿವಾರ ಕಮಲಾಪುರಕ್ಕೆ ಹೋದೆ.

ಅತ್ತೆ ಕಪ್ಪು ಕನ್ನಡಕ ಹಾಕಿಕೊಂಡು ಅಂಗಳದಲ್ಲಿ ಕೂತಿದ್ದರು. ಆಪರೇಷನ್ ಚೆನ್ನಾಗಿ ಆಗಿತ್ತು. ನಾನು ತಲೆ ತಗ್ಗಿಸಿ ಹೇಳಿದೆ: ಹಬ್ಬದ ಬೆಳಿಗ್ಗೆ ಹದಿನೈದಷ್ಟೇ ಆಗುತ್ತವೆ, ಉಳಿದದ್ದನ್ನು ಅಂಗಡಿಯಿಂದ ತರಬೇಕಾಗುತ್ತದೆ.

ಅವರು ಕನ್ನಡಕ ತೆಗೆದು ನನ್ನ ಮುಖ ನೋಡಿದರು, ಮತ್ತೆ ಹಾಕಿಕೊಂಡರು. "ಒಂದ ದಿನಕ್ಕ ಅರವತ್ತು ಯಾವಾಕಿ ಬಡೀತಾಳ್ರಿ ಅಳ್ಯಾರ?"

"ನೀವ ಬಡೀತೀರಲ್ರಿ."

"ನಾನಾ? ನಾಕೈದು ದಿನ ಮುಂಚಿನಿಂದ ಹತ್ತು ಹದಿನೈದು ಬಡದು, ಒಣಗಿಸಿ ಕಟಕ ಮಾಡಿ ಬುಟ್ಟ್ಯಾಗ ಇಡ್ತೀನಿ. ಸಜ್ಜಿ ರೊಟ್ಟಿ ಎಂಟು ದಿನ ಇದ್ರೂ ಕೆಡಂಗಿಲ್ಲ. ನೀವು ಬರೋದು ಹಬ್ಬದ ದಿನ, ಅದೂ ಸೀದಾ ಹೊಲಕ್ಕ. ಬುಟ್ಟಿ ತುಂಬಿದ್ದಷ್ಟೇ ನೋಡೀರಿ."

ಒಲೆ, ಹೊಗೆ, ಹಣೆಯ ಬೆವರು, ಒಂದರ ಮೇಲೊಂದು ಏರುವ ರೊಟ್ಟಿ, ಇಷ್ಟನ್ನೂ ನೋಡಿದ ನೆನಪು ನನ್ನಲ್ಲಿ ಈಗಲೂ ಇದೆ. ಮನೆಗೆ ಬಂದು ಹಳೆಯ ದಿನಚರಿಗಳನ್ನು ತಿರುವಿದೆ. ಮದುವೆಯಾದಾಗಿನಿಂದ ಪ್ರತಿ ಎಳ್ಳಮಾವಾಸ್ಯೆಗೂ ಹನ್ನೊಂದರ ಮೇಲೆಯೇ ತಲುಪಿದ್ದೇವೆ, ನೇರ ಹೊಲಕ್ಕೆ. ಈ ಶ್ರಾವಣದವರೆಗೆ ಯಾರೂ ಅಡುಗೆ ಮನೆಗೆ ಬಿಟ್ಟುಕೊಂಡಿರದ ಅಳಿಯ ಅಡುಗೆಯನ್ನು ಕಂಡದ್ದಾದರೂ ಹೇಗೆ? ತುಂಬಿದ ಬುಟ್ಟಿಯನ್ನು ನೋಡಿ ಉಳಿದ ಚಿತ್ರವನ್ನೆಲ್ಲ ನಾನೇ ಬಿಡಿಸಿಕೊಂಡಿದ್ದೆ. ನನ್ನ ಮೊಣಕೈಗೆ ಪೆಟ್ಟು ಕೊಟ್ಟದ್ದು ಆ ಚಿತ್ರ.

ಅತ್ತೆ ಕೊಟ್ಟ ಸಜ್ಜೆ ಹಿಟ್ಟು ನನ್ನ ಜೊತೆಗೇ ಬಂದಿತ್ತು. ಮರುದಿನದಿಂದ ನಾಲ್ಕು ಬೆಳಿಗ್ಗೆ, ಶಹಾಬಜಾರದ ನಮ್ಮ ಒಲೆಯ ಮೇಲೆ, ದಿನಕ್ಕೆ ಹದಿನೈದು. ಮೇಲೆ ಎಳ್ಳು ಹಚ್ಚಿ, ಒಣಗಿಸಿ, ಡಬ್ಬಿಗೆ ತುಂಬಿದೆ. ಹೆಂಡತಿ ಎರಡು ಸಲ ಎಣಿಸಿ, "ಐವತ್ತೊಂಬತ್ತು ಅವ. ಒಂದು ನಾ ತಿಂದೀನಿ," ಎಂದಳು.

ಹಬ್ಬದ ದಿನ ಹೊಲದಲ್ಲಿ ಕಡಲೆ ಹೂವು ಬಿಟ್ಟಿತ್ತು, ಜೋಳ ಎದೆಯುದ್ದ ನಿಂತಿತ್ತು. ಚರಗ ಚೆಲ್ಲಿ, ಭೂಮಿಗೆ ಮೊದಲ ತುತ್ತು ಕೊಟ್ಟು, ಮರದ ಕೆಳಗೆ ಪಂಕ್ತಿ ಕೂತೆವು. ಸೊಪ್ಪು ಕಾಳು ಬೇಯಿಸಿದ ಭಜ್ಜಿ, ಶೇಂಗಾ ಚಟ್ನಿ, ಮೊಸರು, ರೊಟ್ಟಿ. ಬಂದಿದ್ದ ಮಂದಿಯಲ್ಲಿ ಪಕ್ಕದ ಹೊಲದ ಯಜಮಾನರು ಮೂರನೆಯ ರೊಟ್ಟಿ ಮುರಿಯುತ್ತಾ ಅತ್ತೆಯನ್ನು ಕೇಳಿದರು.

"ಅಕ್ಕೋರ, ನಿಮ್ಮ ಕಣ್ಣು ಆಪರೇಷನ್ ಆಗ್ಯಾದಂತ. ಹಂಗಾದ್ರ ಈ ರೊಟ್ಟಿ ಎಲ್ಲಿವ್ರಿ?"

ನಾನು ತಟ್ಟೆ ನೋಡುತ್ತಾ ಕೂತೆ.

"ಮನೀವೇ," ಎಂದರು ಅತ್ತೆ. ಅಷ್ಟೇ. ಯಜಮಾನರು ನಾಲ್ಕನೆಯದಕ್ಕೆ ಕೈ ಚಾಚಿದರು.

ಬಡಿಸುತ್ತಾ ನನ್ನ ಬಳಿ ಬಂದಾಗ ಅತ್ತೆ ಬಗ್ಗಿ ಕೇಳಿದರು, "ಮೊಣಕೈ ಹ್ಯಾಂಗದ್ರಿ?"

"ಸ್ವಲ್ಪ ನೋವು ಅದರಿ ಅತ್ತಿ."

"ಸ್ವಲ್ಪ ಇರ್ಲಿ. ಪೂರಾ ಹೋತಂದ್ರ ಮತ್ತ ಒಂದೇ ದಿನಕ್ಕ ಅರವತ್ತು ಬಡೀತೀರಿ," ಎಂದು ನನ್ನ ತಟ್ಟೆಗೆ ಎರಡು ರೊಟ್ಟಿ ಹಾಕಿ ಮುಂದೆ ಹೋದರು.