ಓಕ್‌ಬುನ್ ಅತ್ತಿಗೆಯ ಹೆಸರಿನ ಫಲಕ

ಚುಂಗ್‌ಮುರೊ ಬೀದಿಯಲ್ಲಿ ಸಿನಿಮಾ ಶುರುವಾಗುವಾಗ ಪರದೆಯ ಮೇಲೆ ಬರುವ ಹೆಸರಿನ ಫಲಕ ಬರೆಯುವುದು ನನ್ನ ಕಸುಬು. ನಿರ್ಮಾಪಕರ ಹೆಸರು ದಪ್ಪಕ್ಷರದಲ್ಲಿ, ಅವರ ಮಾವನದು ಇನ್ನೂ ದಪ್ಪಕ್ಷರದಲ್ಲಿ. ಯುದ್ಧ ಮುಗಿದ ಆ ವರ್ಷಗಳಲ್ಲಿ ರೀಲು ಕತ್ತರಿಸಿ, ಅಂಟಿಸಿ, ಇವರು ತೆಗೆದದ್ದನ್ನು ನೋಡುವ ಹಾಗೆ ಮಾಡುತ್ತಿದ್ದವಳು ನಾವೆಲ್ಲ ಅತ್ತಿಗೆ ಎನ್ನುತ್ತಿದ್ದ ಪ್ಯೊ ಓಕ್‌ಬುನ್. ಅವಳ ಹೆಸರನ್ನು ಮಾತ್ರ ನಾನು ಎಂದೂ ಬರೆದಿರಲಿಲ್ಲ.

ಅವಳಿಗೆ ಇದ್ದದ್ದು ಅದೊಂದೇ ಆಸೆ. ಒಮ್ಮೆ ನಿರ್ಮಾಪಕ ಗು ಹತ್ತಿರ ಬಾಯಿಬಿಟ್ಟು ಕೇಳಿಯೂಬಿಟ್ಟಳು. ಹೆಂಗಸು ಕ್ಯಾಮೆರಾ ಪೆಟ್ಟಿಗೆ ದಾಟಿದರೆ ಅಪಶಕುನವೆಂದು ಉಪ್ಪು ಎರಚುವ ಜನ ನಾವು, ಗು ಕಂಗಾಲಾದ.

"ಹೊಸ ವರ್ಷದ ಮೊದಲ ಸಿನಿಮಾಕ್ಕೆ ಹೆಂಗಸಿನ ಹೆಸ್ರಾ ಅತ್ತಿಗೆ? ಟಾಕೀಸ್ ಕಡೆ ನಾಯೀನೂ ಸುಳಿಯಲ್ಲ. ನಿಮ್ ಯಜಮಾನ್ರ ಹೆಸ್ರು ಹಾಕ್ಸೋಣ. ಮನೇಲೇ ಇರತ್ತಲ್ಲ."

ಗಂಡ ಮಾ ದಲ್ಸುಗೆ ಮೂಲಂಗಿ ಹೆಚ್ಚಲೂ ಬರುತ್ತಿರಲಿಲ್ಲ. ಸಿನಿಮಾ ಓಡಿತು, ಅವನ ಹೆಸರು ಶುಭದ ಹೆಸರಾಯಿತು. ಅಲ್ಪನಿಗೆ ಐಶ್ವರ್ಯ ಬಂದರೆ ಅರ್ಧರಾತ್ರಿಯಲ್ಲಿ ಕೊಡೆ ಹಿಡಿದನಂತೆ. ದಲ್ಸು ಕಾಫಿ ಅಂಗಡಿಯಲ್ಲಿ ಕುಳಿತು, ಕಾಫಿಗೆ ಮೊಟ್ಟೆಯ ಹಳದಿ ಹಾಕಿಸಿಕೊಂಡು, ದೃಶ್ಯ ಹೇಗೆ ಉಸಿರಾಡಬೇಕೆಂದು ಪತ್ರಕರ್ತರಿಗೆ ಪಾಠ ಹೇಳತೊಡಗಿದ. ನಾಯಕಿ ಯಾರೆಂದು ಮನೆಗೆ ಬಂದು ಹೆಂಡತಿಯನ್ನು ಕೇಳುತ್ತಿದ್ದ.

ಒಂದು ಶರತ್ಕಾಲದಲ್ಲಿ ಕುಡಿದೇ ಸತ್ತ. ಹೆಣವನ್ನು ಹೂಳಿದೆವು, ಆದರೆ ಶುಭದ ಹೆಸರನ್ನು ಹೂಳಲು ಯಾರಿಗೆ ಧೈರ್ಯ? ಮುಂದಿನ ಸಿನಿಮಾಕ್ಕೂ, ಅದರ ಮುಂದಿನದಕ್ಕೂ ಗು ಅದನ್ನೇ ಬರೆಸಿದ. ಇತ್ತೀಚೆಗೆ ದಲ್ಸುವಿನ ಕಲೆ ಮಾಗುತ್ತಿದೆ ಎಂದು ಪತ್ರಿಕೆಯೊಂದು ಹೊಗಳಿತು. ಓದಿ ನನ್ನ ಮೈ ಉರಿಯಿತು.

ಮುಂದಿನ ಸಿನಿಮಾವನ್ನು ನಮಗಷ್ಟೇ ಹಾಕಿ ತೋರಿಸಿದಾಗ ಸಂಕಲನಕಾರನ ಫಲಕವೇ ಇರಲಿಲ್ಲ. ಅತ್ತಿಗೆ ಅದನ್ನು ಕತ್ತರಿಸಿ ತೆಗೆದಿದ್ದಳು. ದಲ್ಸು ಎಲ್ಲಿ ಎಂದು ಗು ಎಗರಾಡಿದ.

"ಗುಡ್ಡದ ಮೇಲೆ, ಗೋರೀಲಿ," ಎಂದಳು ಅತ್ತಿಗೆ. "ಸತ್ತೋರನ್ನ ಇನ್ನೆಷ್ಟು ದುಡಿಸ್ತೀರಾ ಯಜಮಾನ್ರೇ? ನನ್ ಹೆಸ್ರು ಬೇಡ ಅಂದ್ರೆ ಮುಂದಿನ ರೀಲುಗಳ್ನ ಅಲ್ಲಿಗೇ ತಗೊಂಡ್ಹೋಗಿ."

ಕತ್ತರಿಸಬೇಕಾದ ರೀಲುಗಳು ರಾಶಿ ಬಿದ್ದಿದ್ದವು. ಗು ಒಪ್ಪಿದ. ಆದರೂ ಇರಲಿ ಎಂದು ದೊಡ್ಡದೊಂದು ಹಂದಿಯ ತಲೆ ತರಿಸಿ, ಅದರ ಬಾಯಿಗೆ ನೋಟು ತುರುಕಿ, ಮುಹೂರ್ತದ ಪೂಜೆಯನ್ನು ಇನ್ನೊಮ್ಮೆ ಮಾಡಿ ಅಡ್ಡಬಿದ್ದ. ಅತ್ತಿಗೆಯ ಹೆಸರನ್ನು ನಾನು ಸಂತೋಷದಿಂದ ದಪ್ಪಕ್ಷರದಲ್ಲೇ ಬರೆದೆ.

ಟಾಕೀಸು ತುಂಬಿತು. ಎಲ್ಲಾ ಹಂದಿಯ ಮಹಿಮೆ ಎಂದ ಗು. ಅತ್ತಿಗೆ ಅವನು ಕೊಟ್ಟ ಪುಕ್ಕಟೆ ಪಾಸು ಬೇಡವೆಂದು ಟಿಕೆಟ್ ಕೊಂಡು, ಹಬ್ಬದ ಬಟ್ಟೆಯುಟ್ಟು ನನ್ನ ಪಕ್ಕ ಕುಳಿತಳು. ಸರಿಯಾಗಿ ಅವಳ ಫಲಕದ ಹೊತ್ತಿಗೆ ತಡವಾಗಿ ಬಂದ ದಢೂತಿಯೊಬ್ಬ ನಮ್ಮ ಮುಂದೆ ನಿಂತು, ಒಣಗಿಸಿದ ಸ್ಕ್ವಿಡ್ ಮೀನು ಜಗಿಯುತ್ತಾ ಹೆಂಡತಿಯನ್ನು ಕೂಗತೊಡಗಿದ. ನಾನು ಬೈದು ಕೂರಿಸುವಷ್ಟರಲ್ಲಿ ಪರದೆಯ ಮೇಲೆ ನಿರ್ದೇಶಕನ ಹೆಸರು ಬಂದಿತ್ತು.

ಅತ್ತಿಗೆ ನನ್ನ ತೋಳು ಹಿಡಿದು ಕೇಳಿದಳು: "ಬಂತೇನೋ? ನೀನು ನೋಡಿದ್ಯಾ?"

ನನಗೂ ಕಂಡದ್ದು ಆ ದಢೂತಿಯ ಬೆನ್ನು ಮಾತ್ರ. ಅವಳು ಅಳಲಿಲ್ಲ, ನನಗೇ ಅಳು ಬಂತು. ಆಟ ಮುಗಿದದ್ದೇ ಅವಳು ಹೋಗಿ ಮುಂದಿನ ಆಟದ ಸಾಲಿನಲ್ಲಿ ನಿಂತಳು.

"ಎಲ್ಲಕ್ಕಿಂತ ಮುಂದಿನ ಸಾಲಿಂದು ಕೊಡಪ್ಪ," ಎಂದಳು ಟಿಕೆಟ್ ಕೊಡುವವನಿಗೆ. "ಕತ್ತು ನೋವಾದ್ರೂ ಪರ್ವಾಗಿಲ್ಲ."